ಯುರೋಪಿನ ಪ್ರಭುತ್ವಗಳು ಸಾಹಿತ್ಯವನ್ನು ನಿಷೇಧಿಸಿದ್ದಷ್ಟೇ ನಿಜವೇ, ರೂಪಿಸಿದ್ದೂ ನಿಜವೇ?

ಪ್ರಶ್ನೆ: ಬಯಲುಸೀಮೆ ಓದುಗ

ನಮ್ಮ ಓದುಗರ ಬಳಗದಲ್ಲಿ ಈ ವರ್ಷ ರಷ್ಯಾ ಮತ್ತು ಪೂರ್ವ ಯುರೋಪಿನ ಇಪ್ಪತ್ತನೆಯ ಶತಮಾನದ ಸಾಹಿತ್ಯವನ್ನು ಓದಬೇಕೆಂದು ನಿಶ್ಚಯಿಸಿದ್ದೇವೆ. ಯಾವುದನ್ನು ಮೊದಲು ಓದಬೇಕು ಎಂದು ಚರ್ಚಿಸುತ್ತಿದ್ದಾಗ ಪುಸ್ತಕಗಳ ಪಟ್ಟಿಗಿಂತ ದೊಡ್ಡದಾದ ಪ್ರಶ್ನೆಯೊಂದು ಎದ್ದಿತು. ಅದನ್ನು ಇಲ್ಲಿನ ಬಲ್ಲವರ ಮುಂದಿಡುತ್ತಿದ್ದೇನೆ.

ಈ ಸಾಹಿತ್ಯದ ಬಗ್ಗೆ ನಾವು ಕೇಳುತ್ತ ಬಂದಿರುವ ಕಥೆಯಲ್ಲಿ ಪಾತ್ರಗಳು ಎರಡೇ: ಬಾಯಿ ಕಟ್ಟುವ ಪ್ರಭುತ್ವ ಮತ್ತು ಬಾಯಿ ತೆರೆಯುವ ಲೇಖಕ. ಒಸಿಪ್ ಮಂಡೆಲ್‌ಸ್ಟಾಮ್ 1933ರ ಕೊನೆಯಲ್ಲಿ ಸ್ಟಾಲಿನ್‌ನನ್ನು ಹಂಗಿಸುವ ಚಿಕ್ಕ ಪದ್ಯವೊಂದನ್ನು ಕಟ್ಟಿ ಆಪ್ತರೆದುರು ಹೇಳಿದರು. 1934ರ ಮೇ ತಿಂಗಳಲ್ಲಿ ಬಂಧಿತರಾದರು. ಗಡೀಪಾರಿನ ವರ್ಷಗಳನ್ನು ಬಹುಪಾಲು ವೊರೊನೆಝ್‌ನಲ್ಲಿ ಕಳೆದು, 1938ರಲ್ಲಿ ಮತ್ತೆ ಬಂಧನಕ್ಕೊಳಗಾಗಿ, ಅದೇ ಡಿಸೆಂಬರಿನಲ್ಲಿ ವ್ಲಾದಿವೊಸ್ತೋಕ್ ಬಳಿಯ ಶಿಬಿರದಲ್ಲಿ ತೀರಿಕೊಂಡರು. ಇದು ಮರೆಯಬಾರದ ಸತ್ಯ. ಆದರೆ ಅದೇ ಪ್ರಭುತ್ವ 1937ರಲ್ಲಿ, ಸಾಮೂಹಿಕ ಬಂಧನಗಳು ಉತ್ತುಂಗಕ್ಕೇರಿದ್ದ ವರ್ಷದಲ್ಲೇ, ಪುಷ್ಕಿನ್ ತೀರಿಹೋಗಿ ನೂರು ವರ್ಷವಾದುದನ್ನು ದೇಶದುದ್ದಕ್ಕೂ ಹಬ್ಬದಂತೆ ಆಚರಿಸಿ, ಅವರ ಕೃತಿಗಳನ್ನು ಲಕ್ಷಲಕ್ಷ ಪ್ರತಿಗಳಲ್ಲಿ ಅಚ್ಚು ಹಾಕಿಸಿತು. ಒಬ್ಬ ಕವಿಯ ಹದಿನಾರು ಸಾಲಿಗೆ ಹೆದರುವ ಸರ್ಕಾರವೂ ಇನ್ನೊಬ್ಬ ಕವಿಯನ್ನು ಮನೆಮನೆಗೆ ಮುಟ್ಟಿಸುವ ಸರ್ಕಾರವೂ ಒಂದೇ ಆಗಿದ್ದುದನ್ನು ಹೇಗೆ ಅರ್ಥಮಾಡಿಕೊಳ್ಳಬೇಕು?

ಕನ್ನಡ ಓದುಗರಿಗೂ ಇದು ದೂರದ ಮಾತಲ್ಲ. ಗಾರ್ಕಿಯವರ ‘ತಾಯಿ’ ನಿರಂಜನರ ಅನುವಾದದಲ್ಲಿ ಕನ್ನಡಕ್ಕೆ ಬಂತು. ಮಾಸ್ಕೋದ ಪ್ರಗತಿ, ರಾದುಗ ಪ್ರಕಾಶನಗಳ ಗಟ್ಟಿ ರಟ್ಟಿನ ಪುಸ್ತಕಗಳು ಅಗ್ಗದ ಬೆಲೆಗೆ ನಮ್ಮ ಊರುಗಳವರೆಗೂ ತಲುಪಿದವು. ಆ ಪುಸ್ತಕಗಳಿಂದ ಓದಿನ ರುಚಿ ಹತ್ತಿದವರು ನಮ್ಮಲ್ಲಿ ಬಹಳ ಮಂದಿ ಇದ್ದಾರೆ, ಆ ಋಣವನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಆ ಕಪಾಟುಗಳಲ್ಲಿ ಮಂಡೆಲ್‌ಸ್ಟಾಮ್ ಇರಲಿಲ್ಲ, ವಾಸಿಲಿ ಗ್ರಾಸ್‌ಮನ್‌ರ ದೊಡ್ಡ ಕಾದಂಬರಿ ಇರಲಿಲ್ಲ. ಸೋವಿಯತ್ ಸಾಹಿತ್ಯವೆಂದು ನಾವು ಓದಿದ್ದು ಆ ಪ್ರಭುತ್ವ ತಾನೇ ಆರಿಸಿ ಕಳುಹಿಸಿದ ಪಾಲು.

ಆದ್ದರಿಂದ ನಾನು ಕೇಳಬೇಕೆಂದಿರುವುದು ಇಷ್ಟು. ನಿಷೇಧ ಮತ್ತು ಸೆರೆಮನೆಗಳಾಚೆಗೆ ಪ್ರಭುತ್ವವು ದಿನನಿತ್ಯದ ಮಟ್ಟದಲ್ಲಿ ಬರವಣಿಗೆಯನ್ನು ಹೇಗೆ ತಿದ್ದುತ್ತಿತ್ತು? ಸಾಹಿತ್ಯವೂ ತಿರುಗಿ ಪ್ರಭುತ್ವದ ಮೇಲೆ ಪರಿಣಾಮ ಬೀರಿದ್ದುಂಟೇ, ಅಥವಾ ಅದು ಲೇಖಕರು ತಮಗೆ ತಾವೇ ಹೇಳಿಕೊಳ್ಳುವ ಸಮಾಧಾನವೇ? ಜೊತೆಗೆ, ಕಟ್ಟುನಿಟ್ಟಿನ ಕಾಲದಲ್ಲೇ ಒಳ್ಳೆಯ ಸಾಹಿತ್ಯ ಹುಟ್ಟುತ್ತದೆ ಎಂಬ ಮಾತು ನಮ್ಮ ಬಳಗದಲ್ಲೂ ಕೇಳಿಬಂತು. ಅದರ ಬಗ್ಗೆ ನಿಮ್ಮ ಅಭಿಪ್ರಾಯವೇನು?

ಉತ್ತರ: ತುಂಗಾತೀರ

ನಿಮ್ಮ ಮೊದಲ ಪ್ರಶ್ನೆಗೆ ಉತ್ತರ ಸೆನ್ಸಾರ್ ಕಚೇರಿಯಿಂದಲ್ಲ, ಲೇಖಕರ ಸಂಘದಿಂದ ಶುರುವಾಗಬೇಕು. 1932ರ ಏಪ್ರಿಲ್‌ನಲ್ಲಿ ಸೋವಿಯತ್ ಕಮ್ಯುನಿಸ್ಟ್ ಪಕ್ಷದ ಕೇಂದ್ರ ಸಮಿತಿಯು ಅಲ್ಲಿಯವರೆಗೆ ಪರಸ್ಪರ ಕಾದಾಡುತ್ತಿದ್ದ ಸಾಹಿತ್ಯಿಕ ಗುಂಪುಗಳನ್ನೆಲ್ಲ ವಿಸರ್ಜಿಸಿ, ಎಲ್ಲರಿಗೂ ಒಂದೇ ಸಂಘವೆಂದು ತೀರ್ಮಾನಿಸಿತು. 1934ರ ಆಗಸ್ಟ್‌ನಲ್ಲಿ ಮಾಸ್ಕೋದಲ್ಲಿ ಸೇರಿದ ಮೊದಲ ಅಧಿವೇಶನದಲ್ಲಿ ಸಮಾಜವಾದಿ ವಾಸ್ತವವಾದವು, ಅಂದರೆ ಬದುಕನ್ನು ಸಮಾಜವಾದದತ್ತ ಸಾಗುತ್ತಿರುವಂತೆ ಚಿತ್ರಿಸಬೇಕೆಂಬ ನಿಲುವು, ಸೋವಿಯತ್ ಸಾಹಿತ್ಯದ ಅಧಿಕೃತ ಮಾರ್ಗವೆಂದು ಘೋಷಿತವಾಯಿತು. ಸಂಘದ ಜೊತೆಗೇ ಸಾಹಿತ್ಯ ನಿಧಿಯೊಂದು ಬಂತು. ಅದರ ಮೂಲಕ ಲೇಖಕರಿಗೆ ಸಾಲ, ಚಿಕಿತ್ಸೆ, ವಿಶ್ರಾಂತಿಧಾಮಗಳು, ಮಾಸ್ಕೋ ಹೊರವಲಯದ ಪೆರೆದೆಲ್ಕಿನೋದಲ್ಲಿ ಮರದ ನಡುವಿನ ಮನೆಗಳು ಸಿಗತೊಡಗಿದವು. ಅಂದರೆ ಪ್ರಭುತ್ವವು ಲೇಖಕನ ಅನ್ನ, ಸೂರು, ಔಷಧಿ, ಕಾಗದ ಎಲ್ಲವನ್ನೂ ತನ್ನ ಕೈಯಲ್ಲಿಟ್ಟುಕೊಂಡಿತು. ಸಂಘದಿಂದ ಹೊರಹಾಕುವುದೆಂದರೆ ಏನೆಂಬುದು 1946ರಲ್ಲಿ ಎಲ್ಲರಿಗೂ ತಿಳಿಯಿತು. ಆ ವರ್ಷ ಪಕ್ಷದ ನಾಯಕ ಝ್ದಾನೊವ್ ನಡೆಸಿದ ವಾಗ್ದಾಳಿಯ ನಂತರ ಕವಿ ಅನ್ನಾ ಅಖ್ಮತೋವಾ ಮತ್ತು ಹಾಸ್ಯ ಕಥೆಗಾರ ಮಿಖಾಯಿಲ್ ಝೊಶ್ಚೆಂಕೊ ಸಂಘದ ಸದಸ್ಯತ್ವದ ಜೊತೆಗೆ ಪಡಿತರ ಚೀಟಿಯನ್ನೂ ಕಳೆದುಕೊಂಡರು.

ಸೆನ್ಸಾರ್ ಅಧಿಕಾರಿ ಈ ಸರಪಳಿಯ ಕೊನೆಯ ಕೊಂಡಿ ಮಾತ್ರ. ಅವನ ಮೇಜಿಗೆ ಬರುವ ಮೊದಲು ಹಸ್ತಪ್ರತಿಯು ಸಂಪಾದಕ, ಸಂಪಾದಕ ಮಂಡಳಿ, ಒಳಗಿನ ವಿಮರ್ಶಕರು, ಸಂಘದ ಕಾರ್ಯದರ್ಶಿಗಳು ಇವರೆಲ್ಲರ ಕೈದಾಟಿ ಬರಬೇಕಿತ್ತು. ಅವರಲ್ಲಿ ಬಹುಪಾಲು ಜನ ಕ್ರೂರಿಗಳಲ್ಲ, ಹೇಗಾದರೂ ಪುಸ್ತಕವನ್ನು ದಡ ಸೇರಿಸಬೇಕೆಂಬ ಸದಾಶಯದಿಂದಲೇ ತಿದ್ದುತ್ತಿದ್ದವರು. ನೀವು ಹೆಸರಿಸಿದ ಗ್ರಾಸ್‌ಮನ್ ಅವರನ್ನೇ ತೆಗೆದುಕೊಳ್ಳಿ. ಯುದ್ಧಕಾಲದಲ್ಲಿ ‘ಕ್ರಾಸ್ನಾಯಾ ಝ್ವೆಝ್ದಾ’ ಎಂಬ ಸೇನಾ ಪತ್ರಿಕೆಯ ವರದಿಗಾರರಾಗಿ ಸ್ಟಾಲಿನ್‌ಗ್ರಾಡ್‌ನಲ್ಲಿದ್ದ ಅವರು, ಆ ಕದನದ ಮೇಲೆ ಬರೆದ ದೊಡ್ಡ ಕಾದಂಬರಿಯನ್ನು 1949ರಲ್ಲಿ ‘ನೋವಿ ಮೀರ್’ ಪತ್ರಿಕೆಗೆ ಕೊಟ್ಟರು. ಅದು ಅಚ್ಚಾದದ್ದು 1952ರಲ್ಲಿ. ನಡುವಿನ ಮೂರು ವರ್ಷ ನಡೆದದ್ದು ಬರೀ ಕತ್ತರಿ ಪ್ರಯೋಗವಲ್ಲ. ಶೀರ್ಷಿಕೆ ಬದಲಾಯಿತು. ವಿಕ್ಟರ್ ಶ್ಟ್ರುಮ್ ಎಂಬ ಯಹೂದಿ ಭೌತವಿಜ್ಞಾನಿಯ ಪಾತ್ರವನ್ನೇ ತೆಗೆಯಬೇಕೆಂಬ ಒತ್ತಾಯ ಬಂತು. ಲೇಖಕರು ಒಪ್ಪದಿದ್ದಾಗ, ಅವನಿಗೆ ಗುರುವಾಗಿ ರಷ್ಯನ್ ವಿಜ್ಞಾನಿಯೊಬ್ಬನನ್ನು ಸೇರಿಸುವ ರಾಜಿಯಾಯಿತು. ಒಂದು ಪಾತ್ರ ಹುಟ್ಟಿದ್ದಕ್ಕೆ ಕಾರಣ ಕಥೆಯ ಅಗತ್ಯವಲ್ಲ, ಯಹೂದಿದ್ವೇಷ ತಾರಕಕ್ಕೇರುತ್ತಿದ್ದ ಮಾಸ್ಕೋದ ಹವೆ. ರೂಪಿಸುವುದೆಂದರೆ ಇದು. ಇಷ್ಟೆಲ್ಲ ಆದಮೇಲೂ 1953ರ ಫೆಬ್ರವರಿಯಲ್ಲಿ ಪಕ್ಷದ ಪತ್ರಿಕೆ ‘ಪ್ರಾವ್ದಾ’ ಆ ಕಾದಂಬರಿಯ ಮೇಲೆ ಹರಿಹಾಯಿತು. ಮಾರ್ಚ್‌ನಲ್ಲಿ ಸ್ಟಾಲಿನ್ ಸಾಯದಿದ್ದರೆ ಲೇಖಕರ ಗತಿ ಏನಾಗುತ್ತಿತ್ತೆಂದು ಊಹಿಸುವುದು ಕಷ್ಟವಲ್ಲ.

ಅದರ ಮುಂದಿನ ಭಾಗವೇ ‘ಬದುಕು ಮತ್ತು ವಿಧಿ’. ನಾಜಿ ಶಿಬಿರ ಮತ್ತು ಸೋವಿಯತ್ ಶಿಬಿರಗಳನ್ನು ಒಂದರ ಎದುರು ಒಂದಿಟ್ಟು ನೋಡಿದ ಆ ಕಾದಂಬರಿಯನ್ನು ಹುಡುಕಿಕೊಂಡು 1961ರ ಫೆಬ್ರವರಿಯಲ್ಲಿ ಸೋವಿಯತ್ ಗುಪ್ತ ಪೊಲೀಸ್ ಸಂಸ್ಥೆಯಾದ ಕೆಜಿಬಿಯ ಅಧಿಕಾರಿಗಳು ಮನೆಗೆ ಬಂದರು. ಅವರು ಲೇಖಕರನ್ನು ಮುಟ್ಟಲಿಲ್ಲ. ಹಸ್ತಪ್ರತಿ, ಕರಡುಗಳು, ಬೆರಳಚ್ಚು ಯಂತ್ರದ ರಿಬ್ಬನ್ ಎಲ್ಲವನ್ನೂ ಒಯ್ದರು. 1962ರ ಜುಲೈನಲ್ಲಿ ಪಕ್ಷದ ಸಿದ್ಧಾಂತಪಾಲಕ ಮಿಖಾಯಿಲ್ ಸುಸ್ಲೊವ್ ಲೇಖಕರನ್ನು ಕರೆಸಿ, ಇಂಥ ಪುಸ್ತಕ ಇನ್ನೂರು ಮುನ್ನೂರು ವರ್ಷ ಅಚ್ಚಾಗಲು ಸಾಧ್ಯವಿಲ್ಲವೆಂಬ ಅರ್ಥದ ಮಾತು ಹೇಳಿದರು. ಗ್ರಾಸ್‌ಮನ್ 1964ರಲ್ಲಿ ತೀರಿಕೊಂಡರು. ಗೆಳೆಯರು ಬಚ್ಚಿಟ್ಟಿದ್ದ ಪ್ರತಿಯೊಂದರ ಛಾಯಾಚಿತ್ರಗಳು ಗಡಿ ದಾಟಿ, 1980ರಲ್ಲಿ ಸ್ವಿಟ್ಜರ್ಲೆಂಡಿನ ಲೊಸಾನ್‌ನಲ್ಲಿ ಪುಸ್ತಕ ಹೊರಬಂತು.

ಈಗ ನಿಮ್ಮ ಎರಡನೆಯ ಪ್ರಶ್ನೆ. ಸುಸ್ಲೊವ್ ಆ ಮಾತಾಡಿದ ಕೆಲವೇ ತಿಂಗಳಿಗೆ, 1962ರ ನವೆಂಬರ್‌ನಲ್ಲಿ, ಅಲೆಕ್ಸಾಂಡರ್ ಸೋಲ್ಝೆನಿತ್ಸಿನ್ ಅವರು ಕಾರ್ಮಿಕ ಶಿಬಿರದ ಒಂದು ದಿನವನ್ನು ಬರೆದ ‘ಇವಾನ್ ದೆನಿಸೊವಿಚ್’ ಅದೇ ‘ನೋವಿ ಮೀರ್’ನಲ್ಲಿ, ಆಗ ದೇಶವನ್ನಾಳುತ್ತಿದ್ದ ಕ್ರುಶ್ಚೆವ್ ಅವರ ಖುದ್ದು ಒಪ್ಪಿಗೆಯಿಂದ ಪ್ರಕಟವಾಯಿತು. ಒಂದೇ ವರ್ಷ, ಒಂದೇ ಪಕ್ಷ, ವಿಷಯವೂ ಶಿಬಿರವೇ. ಒಂದಕ್ಕೆ ಬೀಗ, ಇನ್ನೊಂದಕ್ಕೆ ಬಾಗಿಲು. ಕಾರಣ ಸ್ಪಷ್ಟ. ಹಿಂದಿನ ವರ್ಷವಷ್ಟೇ ಸ್ಟಾಲಿನ್ ದೇಹವನ್ನು ಲೆನಿನ್ ಸಮಾಧಿಯಿಂದ ಹೊರತೆಗೆಸಿದ್ದ ಕ್ರುಶ್ಚೆವ್ ಅವರಿಗೆ, ತಮ್ಮ ಪಕ್ಷದೊಳಗಿನ ಹಳಬರ ವಿರುದ್ಧ ಸಾಕ್ಷಿ ಬೇಕಾಗಿತ್ತು. ಸ್ಟಾಲಿನ್ ಕಾಲದ ಶಿಬಿರದಲ್ಲಿ ಇಟ್ಟಿಗೆ ಕಟ್ಟುವ ಒಬ್ಬ ರೈತನ ಕಥೆ ಆ ಕೆಲಸಕ್ಕೆ ಒದಗಿತು. ಇಡೀ ವ್ಯವಸ್ಥೆಯ ಬುಡವನ್ನೇ ಪ್ರಶ್ನಿಸುವ ಗ್ರಾಸ್‌ಮನ್‌ರ ಕಾದಂಬರಿ ಒದಗಲಿಲ್ಲ.

ಆದರೆ ಮುಂದೆ ನಡೆದದ್ದು ಕ್ರುಶ್ಚೆವ್ ಲೆಕ್ಕದಲ್ಲಿರಲಿಲ್ಲ. ಆ ಕಥೆ ಓದಿದ ಮಾಜಿ ಕೈದಿಗಳು ದೇಶದ ಮೂಲೆಮೂಲೆಯಿಂದ ಲೇಖಕರಿಗೆ ಕಾಗದ ಬರೆಯತೊಡಗಿದರು, ಕೆಲವರು ಬಂದು ಕಂಡರು. ಸೋವಿಯತ್ ಶಿಬಿರ ವ್ಯವಸ್ಥೆಯನ್ನು ಕುರಿತ ಅವರ ಗ್ರಂಥ ‘ಗುಲಾಗ್ ದ್ವೀಪಸಮೂಹ’ಕ್ಕೆ 227 ಜನರ ನೆನಪು ಮತ್ತು ಪತ್ರಗಳು ಆಧಾರವಾದವೆಂದು ಸೋಲ್ಝೆನಿತ್ಸಿನ್ ಆ ಗ್ರಂಥದಲ್ಲೇ ಹೇಳಿದ್ದಾರೆ. ಅದು 1973ರ ಕೊನೆಯಲ್ಲಿ ಪ್ಯಾರಿಸ್‌ನಲ್ಲಿ ಅಚ್ಚಾಯಿತು, 1974ರ ಫೆಬ್ರವರಿಯಲ್ಲಿ ಲೇಖಕರನ್ನು ದೇಶದಿಂದ ಹೊರದಬ್ಬಲಾಯಿತು. ತನ್ನ ಅನುಕೂಲಕ್ಕೆಂದು ಪ್ರಭುತ್ವ ತೆರೆದ ಒಂದು ಕಿಂಡಿಯಿಂದಲೇ ಅದರ ಮೇಲಿನ ಅತಿ ದೊಡ್ಡ ಆರೋಪಪಟ್ಟಿಗೆ ಸಾಮಗ್ರಿ ಹರಿದುಬಂತು. ಪ್ರಭುತ್ವ ಮತ್ತು ಸಾಹಿತ್ಯ ಪರಸ್ಪರರನ್ನು ರೂಪಿಸಿದ್ದಕ್ಕೆ ಇದಕ್ಕಿಂತ ಪೂರ್ಣವಾದ ಉದಾಹರಣೆ ನನಗೆ ಗೊತ್ತಿಲ್ಲ.

ಉತ್ತರ: ಲೈಪ್‌ಜಿಗ್ ಕನ್ನಡಿಗ

ತುಂಗಾತೀರ ಅವರು ಸೋವಿಯತ್ ಒಕ್ಕೂಟದ ವ್ಯವಸ್ಥೆಯನ್ನು ಬಿಡಿಸಿ ಹೇಳಿದ್ದಾರೆ. ನಾನು ವಾಸವಾಗಿರುವುದು ಹಿಂದಿನ ಪೂರ್ವ ಜರ್ಮನಿಯ ನೆಲದಲ್ಲಿ. ಇಲ್ಲಿನ ಕಥೆ ಸ್ವಲ್ಪ ಬೇರೆ, ಅಷ್ಟು ರಕ್ತಮಯವಲ್ಲ, ಹಾಗಾಗಿಯೇ ಇನ್ನೂ ಹೆಚ್ಚು ಗಮನಿಸಬೇಕಾದದ್ದು ಎಂದು ನನ್ನ ಭಾವನೆ.

ಪೂರ್ವ ಜರ್ಮನಿಯಲ್ಲಿ ಕಾನೂನಿನ ಪ್ರಕಾರ ಸೆನ್ಸಾರ್ ಎಂಬುದೇ ಇರಲಿಲ್ಲ. ಇದ್ದದ್ದು ಮುದ್ರಣಾನುಮತಿ. ಸಂಸ್ಕೃತಿ ಸಚಿವಾಲಯದಲ್ಲಿ 1963ರಲ್ಲಿ ಸ್ಥಾಪಿತವಾದ ಪ್ರಕಾಶನ ಮತ್ತು ಪುಸ್ತಕ ವ್ಯಾಪಾರದ ಇಲಾಖೆಗೆ ಪ್ರತಿಯೊಂದು ಪುಸ್ತಕವೂ ತಜ್ಞರ ವರದಿಗಳ ಜೊತೆ ಹೋಗಬೇಕಿತ್ತು. ಎಷ್ಟು ಕಾಗದ, ಎಷ್ಟು ಪ್ರತಿ ಎಂಬುದೂ ಅಲ್ಲೇ ನಿರ್ಧಾರವಾಗುತ್ತಿತ್ತು. ಅನುಮತಿ ಬೇಕಾದ ಸಂಪಾದಕರು, ಪುಸ್ತಕದ ಅತ್ಯಂತ ಚುಚ್ಚುವ ಭಾಗವನ್ನು ಹೇಗೆ ಮೃದುವಾಗಿ ವಿವರಿಸಬೇಕು, ಯಾರಿಂದ ವರದಿ ಬರೆಸಿದರೆ ಕೆಲಸವಾಗುತ್ತದೆ ಎಂಬ ವಿದ್ಯೆಯಲ್ಲಿ ಪಳಗಿದ್ದರು. ಲೇಖಕರಂತೂ ಬರೆಯುವ ಮೊದಲೇ ಆ ವರದಿಯನ್ನು ಮನಸ್ಸಿನಲ್ಲಿ ಓದಿಕೊಳ್ಳುತ್ತಿದ್ದರು.

ಕ್ರಿಸ್ತಾ ವೊಲ್ಫ್ ಅವರ ‘ಕಸಾಂಡ್ರಾ’ ಇದಕ್ಕೆ ಒಳ್ಳೆಯ ನಿದರ್ಶನ. ಟ್ರಾಯ್ ಯುದ್ಧದ ಪುರಾಣವನ್ನು ಸೋತವರ ಕಡೆಯ ಹೆಣ್ಣಿನ ಬಾಯಲ್ಲಿ ಹೇಳಿಸುವ ಈ ಕೃತಿ, ಅದರ ಹಿನ್ನೆಲೆಯನ್ನು ತೆರೆದಿಡುವ ಉಪನ್ಯಾಸಗಳೊಡನೆ, 1983ರಲ್ಲಿ ಎರಡೂ ಜರ್ಮನಿಗಳಲ್ಲಿ ಪ್ರಕಟವಾಯಿತು. ಅಮೆರಿಕ ಮತ್ತು ಸೋವಿಯತ್ ಬಣಗಳೆರಡರ ಕ್ಷಿಪಣಿಗಳನ್ನೂ ಒಂದೇ ತಕ್ಕಡಿಯಲ್ಲಿ ತೂಗುವ ಕೆಲವು ಭಾಗಗಳನ್ನು ಪೂರ್ವದ ಆವೃತ್ತಿಯಿಂದ ತೆಗೆಸಲಾಯಿತು. ತೆಗೆದ ಜಾಗದಲ್ಲಿ ಚುಕ್ಕೆಗಳಿರಬೇಕೆಂದು ಲೇಖಕಿ ಪಟ್ಟು ಹಿಡಿದರು, ಅಧಿಕಾರಿಗಳು ಒಪ್ಪಿದರು. ಆ ಚುಕ್ಕೆಗಳನ್ನು ಕಂಡ ಓದುಗರು ಪಶ್ಚಿಮದ ಆವೃತ್ತಿಯಿಂದ ಬಿಟ್ಟುಹೋದ ಸಾಲುಗಳನ್ನು ಹುಡುಕಿ, ಚೀಟಿಗಳಲ್ಲಿ ಬೆರಳಚ್ಚಿಸಿ ಕೈಯಿಂದ ಕೈಗೆ ದಾಟಿಸಿದರು. ಕತ್ತರಿಸದೆ ಬಿಟ್ಟಿದ್ದರೆ ಬಹುಶಃ ಯಾರೂ ನಿಂತು ಓದದಿದ್ದ ಸಾಲುಗಳು ಆ ಪುಸ್ತಕದ ಅತಿ ಪ್ರಸಿದ್ಧ ಸಾಲುಗಳಾದವು.

ಇಲ್ಲಿ ಓದುಗರನ್ನು ಮರೆಯಬಾರದು. ಪತ್ರಿಕೆಗಳು ಪಕ್ಷದ ಸಾಧನೆಗಳನ್ನು ಬಿಟ್ಟು ಬೇರೇನನ್ನೂ ಹೇಳದ ದೇಶದಲ್ಲಿ ಜನ ತಮ್ಮ ಬದುಕಿನ ಸುದ್ದಿಗಾಗಿ ಕಾದಂಬರಿಗಳ ಕಡೆಗೆ ತಿರುಗಿದರು. ಯುವಕರ ಅಸಮಾಧಾನ, ಹಾಳಾದ ನದಿ, ಗಂಡ ಹೆಂಡತಿಯ ಬಿಕ್ಕಟ್ಟು ಇವೆಲ್ಲ ಮೊದಲು ಕಾಣಿಸಿಕೊಂಡದ್ದು ಕಥೆಗಳಲ್ಲಿ. ಲೈಪ್‌ಜಿಗ್ ಪುಸ್ತಕ ಮೇಳದಲ್ಲಿ ಪಶ್ಚಿಮದ ಪ್ರಕಾಶಕರ ಮಳಿಗೆಗಳ ಮುಂದೆ ನಿಂತೇ ಪುಸ್ತಕ ಓದಿ ಟಿಪ್ಪಣಿ ಮಾಡಿಕೊಳ್ಳುತ್ತಿದ್ದವರ ಬಗ್ಗೆ ಇಲ್ಲಿನ ಹಿರಿಯರು ಈಗಲೂ ಹೇಳುತ್ತಾರೆ. ಸಾಹಿತ್ಯಕ್ಕೆ ಅಷ್ಟೊಂದು ತೂಕ ಕೊಟ್ಟದ್ದು ಲೇಖಕರ ಪ್ರತಿಭೆಯೊಂದೇ ಅಲ್ಲ, ಪತ್ರಿಕೆಗಳ ಮೌನವೂ ಹೌದು.

ಆ ತೂಕ ಪ್ರಭುತ್ವದ ಮೇಲೆ ಬಿದ್ದದ್ದು 1976ರಲ್ಲಿ. ಕವಿ, ಗಾಯಕ ವುಲ್ಫ್ ಬೀರ್ಮನ್ ಪಶ್ಚಿಮದ ಕಲೋನ್‌ನಲ್ಲಿ ಹಾಡಲು ಹೋದಾಗ, ಕಛೇರಿ ನಡೆದ ಮೂರನೆಯ ದಿನ ಅವರ ಪೌರತ್ವವನ್ನೇ ಕಿತ್ತುಕೊಂಡು, ಮರಳಿ ಬರದಂತೆ ಮಾಡಲಾಯಿತು. ಕ್ರಿಸ್ತಾ ವೊಲ್ಫ್, ಸ್ಟೆಫಾನ್ ಹೈಮ್, ಹೈನರ್ ಮ್ಯೂಲರ್ ಮುಂತಾದ ಲೇಖಕರು ಈ ನಿರ್ಧಾರವನ್ನು ಮರುಪರಿಶೀಲಿಸಬೇಕೆಂದು ಬಹಿರಂಗವಾಗಿ ಕೇಳಿಕೊಂಡರು. ಕೆಲವೇ ದಿನಗಳಲ್ಲಿ ನೂರಕ್ಕೂ ಹೆಚ್ಚು ಕಲಾವಿದರು ಸಹಿ ಹಾಕಿದರು. ಅವರು ವ್ಯವಸ್ಥೆಯ ಶತ್ರುಗಳಲ್ಲ, ಅದು ಸಮ್ಮಾನಿಸಿ ಬೆಳೆಸಿದ್ದ ಸಮಾಜವಾದಿಗಳು. ಸರ್ಕಾರ ಜಗ್ಗಲಿಲ್ಲ. ಸಾರಾ ಕಿರ್ಶ್, ಯುರೆಕ್ ಬೆಕರ್, ಗುಂಟರ್ ಕುನರ್ಟ್ ಒಬ್ಬರ ಹಿಂದೆ ಒಬ್ಬರು ದೇಶ ಬಿಟ್ಟರು. ತನ್ನನ್ನು ಒಳಗಿನಿಂದ ತಿದ್ದಬಲ್ಲವರನ್ನೇ ಆ ದೇಶ ಕಳೆದುಕೊಂಡಿತು.

ಕೊನೆಯ ಅಂಕವೂ ಗಮನಾರ್ಹ. 1989ರ ನವೆಂಬರ್ 4ರಂದು ಬರ್ಲಿನ್ನಿನ ಅಲೆಕ್ಸಾಂಡರ್ ಚೌಕದಲ್ಲಿ ಲಕ್ಷಾಂತರ ಜನರೆದುರು ವೊಲ್ಫ್, ಹೈಮ್, ಕ್ರಿಸ್ಟೊಫ್ ಹೈನ್ ಮಾತಾಡಿದರು. ಅದೇ ತಿಂಗಳ ಕೊನೆಯಲ್ಲಿ, ಗೋಡೆ ಬಿದ್ದಾದ ಮೇಲೆ, ಪೂರ್ವ ಜರ್ಮನಿಯು ಬೇರೆಯಾಗಿಯೇ ಉಳಿದು ಸಮಾಜವಾದದ ಹೊಸ ದಾರಿ ಹುಡುಕಬೇಕೆಂಬ ಮನವಿಗೆ ವೊಲ್ಫ್, ಹೈಮ್ ಅವರಂಥವರು ಸಹಿ ಹಾಕಿದರು. ಜನ ಕೇಳಲಿಲ್ಲ; 1990ರ ಮಾರ್ಚ್ ಚುನಾವಣೆಯಲ್ಲಿ ಶೀಘ್ರ ಏಕೀಕರಣದ ಪರ ಇದ್ದವರು ಗೆದ್ದರು. ಪತ್ರಿಕೆಗಳು ಬಾಯಿಬಿಟ್ಟ ದಿನವೇ ಕಾದಂಬರಿಗಳು ಹೊತ್ತಿದ್ದ ಹೆಚ್ಚುವರಿ ಹೊರೆ ಇಳಿದುಹೋಯಿತು. ಪೂರ್ವದ ಪ್ರಕಾಶನಗಳ ಹೊಚ್ಚಹೊಸ ಪುಸ್ತಕಗಳನ್ನು ರಾಶಿರಾಶಿಯಾಗಿ ಕಸದ ಹಳ್ಳಗಳಿಗೆ ಸುರಿಯಲಾಯಿತು. ಅವುಗಳಲ್ಲಿ ಸಾವಿರಾರನ್ನು ಪಶ್ಚಿಮದ ಪಾದ್ರಿಯೊಬ್ಬರು ಹೆಕ್ಕಿ ತಂದು ಉಳಿಸಿದರು. ವೊಲ್ಫ್ ಅವರೂ 1959ರಿಂದ ಕೆಲವು ವರ್ಷ ಗುಪ್ತ ಪೊಲೀಸರಿಗೆ ಮಾಹಿತಿ ಕೊಟ್ಟಿದ್ದರೆಂಬುದು 1993ರಲ್ಲಿ ಬಯಲಾಯಿತು. ಅವರ ಮೇಲೆ ಅದೇ ಪೊಲೀಸರು ಇಟ್ಟಿದ್ದ ಕಡತ ಅದಕ್ಕಿಂತ ಎಷ್ಟೋ ಪಟ್ಟು ದಪ್ಪವಾಗಿತ್ತೆಂಬುದನ್ನೂ ಜೊತೆಗೇ ಹೇಳಬೇಕು. ಬಲಿಪಶು ಮತ್ತು ಪಾಲುದಾರ ಎಂಬ ಎರಡು ಪಂಗಡಗಳಾಗಿ ಈ ಲೇಖಕರನ್ನು ವಿಂಗಡಿಸಲು ಹೊರಟರೆ ಅವರ ಕೃತಿಗಳೇ ನಮಗೆ ಅರ್ಥವಾಗುವುದಿಲ್ಲ.

ಉತ್ತರ: ಕೋಟೆಬೀದಿ

ಮೇಲಿನ ಇಬ್ಬರ ವಿವರಗಳನ್ನೂ ಗೌರವದಿಂದ ಓದಿದೆ. ಆದರೂ ಸಾಹಿತ್ಯಕ್ಕೆ ನಾವು ಹೆಚ್ಚು ಶ್ರೇಯಸ್ಸು ಕೊಡುತ್ತಿದ್ದೇವೆಯೇ ಎಂಬ ಅನುಮಾನ ನನಗಿದೆ. 1989ರಲ್ಲಿ ಆ ಪ್ರಭುತ್ವಗಳು ಕುಸಿದದ್ದಕ್ಕೆ ಸಾಲದ ಹೊರೆ, ಖಾಲಿ ಅಂಗಡಿಗಳು, ಪೋಲೆಂಡಿನ ಕಾರ್ಮಿಕರ ಒಗ್ಗಟ್ಟು, ಇನ್ನು ಸೇನೆ ಕಳುಹಿಸುವುದಿಲ್ಲವೆಂಬ ಗೋರ್ಬಚೆವ್ ನಿರ್ಧಾರ, ಇವು ಮುಖ್ಯ ಕಾರಣಗಳು. ಹಾವೆಲ್ ನಾಟಕಕಾರರಾಗಿದ್ದು 1989ರ ಡಿಸೆಂಬರ್‌ನಲ್ಲಿ ಚೆಕೊಸ್ಲೊವಾಕಿಯಾದ ಅಧ್ಯಕ್ಷರಾದದ್ದು ನಿಜ. ಆದರೆ ಅವರನ್ನು ಅಲ್ಲಿಗೆ ಕೊಂಡೊಯ್ದದ್ದು ನಾಟಕಗಳಿಗಿಂತ ಹೆಚ್ಚಾಗಿ ಮಾನವ ಹಕ್ಕುಗಳನ್ನು ಗೌರವಿಸಬೇಕೆಂದು ಸರ್ಕಾರವನ್ನು ಒತ್ತಾಯಿಸಿದ 1977ರ ಚಾರ್ಟರ್ ಎಂಬ ಹೇಳಿಕೆ, ಸೆರೆವಾಸ ಮತ್ತು ಬೀದಿಗಿಳಿದ ಜನ.

ಸಾಹಿತ್ಯ ಪ್ರಭುತ್ವವನ್ನು ಅಲುಗಿಸಿದಾಗಲೂ ಫಲ ಸಿಹಿಯಾಗಿಯೇ ಇರುತ್ತದೆಂದೇನಿಲ್ಲ. 1968ರ ಜನವರಿಯಲ್ಲಿ ವಾರ್ಸಾದ ರಾಷ್ಟ್ರೀಯ ರಂಗಮಂದಿರದಲ್ಲಿ ಪೋಲಿಷ್ ಕವಿ ಮಿತ್ಸ್ಕೆವಿಚ್ ಅವರ ‘ಜ್ಯಾದಿ’ ನಾಟಕವನ್ನು ನಿಲ್ಲಿಸಲಾಯಿತು. ಹತ್ತೊಂಬತ್ತನೆಯ ಶತಮಾನದ ಮೊದಲರ್ಧದಲ್ಲಿ ರಷ್ಯದ ಝಾರ್ ದೊರೆತನದ ವಿರುದ್ಧ ಬರೆದ ಸಾಲುಗಳಿಗೆ ಪ್ರೇಕ್ಷಕರು ತಮ್ಮ ಕಾಲದ ಅರ್ಥದಲ್ಲಿ ಚಪ್ಪಾಳೆ ತಟ್ಟುತ್ತಿದ್ದುದೇ ಅಪರಾಧ. ಕೊನೆಯ ಪ್ರದರ್ಶನ ಮುಗಿದಾಗ ವಿದ್ಯಾರ್ಥಿಗಳು ಕವಿಯ ಪ್ರತಿಮೆಯತ್ತ ಮೆರವಣಿಗೆ ಹೋದರು, ಮಾರ್ಚ್‌ನಲ್ಲಿ ವಿಶ್ವವಿದ್ಯಾಲಯಗಳಲ್ಲಿ ಪ್ರತಿಭಟನೆ ಹಬ್ಬಿತು. ಪಕ್ಷದೊಳಗಿನ ಒಂದು ಬಣ ಇದನ್ನೇ ನೆಪಮಾಡಿಕೊಂಡು ಯಹೂದಿಗಳ ವಿರುದ್ಧ ಅಪಪ್ರಚಾರ ನಡೆಸಿತು, ಸಾವಿರಾರು ಯಹೂದಿಗಳು ದೇಶ ತೊರೆಯಬೇಕಾಯಿತು.

ಇನ್ನೊಂದು ಮಾತು. ಚರ್ಚೆ ಪೂರ್ತಿ ಎಡಪಂಥೀಯ ಪ್ರಭುತ್ವಗಳ ಸುತ್ತ ತಿರುಗುತ್ತಿದೆ. ಬಲಪಂಥೀಯ ಸರ್ವಾಧಿಕಾರಿ ಫ್ರಾಂಕೊ ಆಳ್ವಿಕೆಯ ಸ್ಪೇನಿನಲ್ಲಿ, ಮುಂದೆ 1989ರಲ್ಲಿ ನೊಬೆಲ್ ಪಡೆದ ಕಮಿಲೊ ಹೋಸೆ ಸೆಲಾ 1940ರ ದಶಕದ ಆರಂಭದಲ್ಲಿ ತಾವೇ ಸೆನ್ಸಾರ್ ಕೆಲಸ ಮಾಡಿದ್ದರು; ಆದರೂ ಅವರ ‘ಜೇನುಗೂಡು’ ಕಾದಂಬರಿಗೆ ಅನುಮತಿ ಸಿಗದೆ, ಅದು 1951ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಅಚ್ಚಾಯಿತು. ಪೋರ್ಚುಗಲ್‌ನಲ್ಲಿ 1972ರಲ್ಲಿ ಮೂವರು ಲೇಖಕಿಯರು, ಮೂವರ ಹೆಸರಲ್ಲೂ ಮರಿಯಾ ಇತ್ತು, ಸೇರಿ ಹೆಣ್ಣಿನ ದೇಹ, ಮದುವೆ, ವಸಾಹತು ಯುದ್ಧಗಳ ಬಗ್ಗೆ ‘ಹೊಸ ಪೋರ್ಚುಗೀಸ್ ಪತ್ರಗಳು’ ಪ್ರಕಟಿಸಿದರು. ಯಾವ ಭಾಗವನ್ನು ಯಾರು ಬರೆದರೆಂದು ಅವರು ಹೇಳಲಿಲ್ಲ, ಸಭ್ಯತೆಗೆ ಧಕ್ಕೆ ತಂದರೆಂದು ಮೊಕದ್ದಮೆ ಹೂಡಿದಾಗಲೂ ಹೇಳಲಿಲ್ಲ. ಅವರು ದೋಷಮುಕ್ತರಾದದ್ದು 1974ರ ಮೇ ತಿಂಗಳಲ್ಲಿ. ಏಪ್ರಿಲ್ 25ರಂದು ಸೈನ್ಯದ ಕಿರಿಯ ಅಧಿಕಾರಿಗಳು ಸರ್ವಾಧಿಕಾರವನ್ನು ಉರುಳಿಸಿದ ಮೇಲೆ. ಪ್ರಭುತ್ವ ಪುಸ್ತಕವನ್ನು ಬಿಡಿಸಿತು ಎನ್ನಬಹುದು, ಪುಸ್ತಕ ಪ್ರಭುತ್ವವನ್ನು ಬೀಳಿಸಿತು ಎನ್ನಲಾಗದು.

ಉತ್ತರ: ತುಂಗಾತೀರ

ಕೋಟೆಬೀದಿಯವರ ಎಚ್ಚರಿಕೆಯನ್ನು ಒಪ್ಪುತ್ತೇನೆ. ಪುಸ್ತಕ ಸರ್ಕಾರವನ್ನು ಉರುಳಿಸುತ್ತದೆಂದು ನಾನೂ ಹೇಳುವುದಿಲ್ಲ. ಆದರೆ ಪ್ರಭುತ್ವ ಯಾವ ಮಾತಿನಲ್ಲಿ ತನ್ನನ್ನು ಸಮರ್ಥಿಸಿಕೊಳ್ಳಬಲ್ಲದು, ಯಾವ ಮಾತಿನಲ್ಲಿ ಇನ್ನು ಸಾಧ್ಯವಿಲ್ಲ ಎಂಬ ಗೆರೆಯನ್ನು ಸಾಹಿತ್ಯ ಸರಿಸಬಲ್ಲದು. ಹಂಗೆರಿಯ ಗ್ಯೂಲಾ ಇಲ್ಯೇಶ್ 1950ರಲ್ಲಿ ದಬ್ಬಾಳಿಕೆಯ ಬಗ್ಗೆ ಒಂದೇ ವಾಕ್ಯದ ದೀರ್ಘ ಕವಿತೆ ಬರೆದರು. ದಬ್ಬಾಳಿಕೆ ಇರುವುದು ಬಂದೂಕಿನಲ್ಲಿ, ಜೈಲಿನಲ್ಲಿ ಮಾತ್ರವಲ್ಲ, ಮುತ್ತಿನಲ್ಲಿ, ಕನಸಿನಲ್ಲಿ, ಪ್ರತಿಯೊಬ್ಬನೂ ತಾನೇ ಒಂದು ಕೊಂಡಿಯಾಗಿರುವ ಸಂಕೋಲೆಯಲ್ಲಿ ಎಂಬುದು ಅದರ ಧ್ವನಿ. ಅದು ಅಚ್ಚಾದದ್ದು 1956ರ ನವೆಂಬರ್ 2ರಂದು, ಸೋವಿಯತ್ ಟ್ಯಾಂಕುಗಳು ಬುಡಾಪೆಸ್ಟನ್ನು ಮತ್ತೆ ಹೊಕ್ಕಲು ಎರಡೇ ದಿನ ಬಾಕಿ ಇದ್ದಾಗ. ಸೋವಿಯತ್ ಹಿಡಿತದ ವಿರುದ್ಧ ಹಂಗೆರಿಯ ಜನ ಎದ್ದಿದ್ದ ದಂಗೆ ಸೋತಿತು. ಆದರೆ ನಂತರದ ಆಳ್ವಿಕೆ ಹಳೆಯ ಮಾದರಿಗೆ ಮರಳಲಿಲ್ಲ. ಗ್ಯೋರ್ಗ್ ಅತ್ಸೆಲ್ ಅವರ ಉಸ್ತುವಾರಿಯಲ್ಲಿ ಕೃತಿಗಳನ್ನು ಬೆಂಬಲಿಸುವುದು, ಸಹಿಸುವುದು, ನಿಷೇಧಿಸುವುದು ಎಂಬ ಮೂರು ಮಟ್ಟಗಳ ನೀತಿ ಬಂತು. ಸಹಿಸುವುದೆಂಬ ಆ ನಡುವಿನ ಪಟ್ಟಿ ಲೇಖಕರಿಗೆ ಉಸಿರಾಡುವ ಜಾಗವೂ ಆಯಿತು, ಯಾವ ಕ್ಷಣದಲ್ಲಾದರೂ ಹಿಂತೆಗೆದುಕೊಳ್ಳಬಹುದಾದ ಹಂಗೂ ಆಯಿತು.

ಕಟ್ಟುನಿಟ್ಟಿನ ಕಾಲ ಒಳ್ಳೆಯ ಸಾಹಿತ್ಯವನ್ನು ಹುಟ್ಟಿಸುತ್ತದೆ ಎಂಬ ಮಾತಿಗೆ ಬರುತ್ತೇನೆ. ಅದನ್ನು ನಾನು ಗಟ್ಟಿಯಾಗಿ ವಿರೋಧಿಸುತ್ತೇನೆ. ಅಖ್ಮತೋವಾ ಅವರ ‘ರೆಕ್ವಿಯಂ’ ಮಹತ್ತರ ಕೃತಿ. ಮಗ ಸೆರೆಯಲ್ಲಿದ್ದಾಗ, ಲೆನಿನ್‌ಗ್ರಾಡ್‌ನ ಜೈಲಿನ ಹೊರಗೆ ಸರದಿಯಲ್ಲಿ ನಿಂತ ಹೆಂಗಸರ ನಡುವೆ ಹುಟ್ಟಿದ ಆ ಪದ್ಯಗಳನ್ನು ಅವರು ಚೂರು ಕಾಗದದ ಮೇಲೆ ಬರೆದು ಗೆಳತಿಗೆ ಓದಲು ಕೊಟ್ಟು, ಆಕೆ ಕಂಠಪಾಠ ಮಾಡಿಕೊಂಡ ಕೂಡಲೇ ಸುಟ್ಟುಬಿಡುತ್ತಿದ್ದರು. ಅದು ಸ್ವದೇಶದಲ್ಲಿ ಅಚ್ಚಾದದ್ದು 1987ರಲ್ಲಿ. ಬಿಡಿಬಿಡಿಯಾಗಿ ನೆನಪಿನಲ್ಲಿ ನಿಲ್ಲಬಲ್ಲ ಚಿಕ್ಕ ಪದ್ಯಗಳ ಮಾಲೆಯಾಗಿ ಅದು ರೂಪುಗೊಂಡದ್ದಕ್ಕೂ ಆ ಭಯಕ್ಕೂ ಸಂಬಂಧವಿದೆಯೆಂದು ನಾನು ನಂಬುತ್ತೇನೆ. ಹಾಗೆಂದು ಭಯಕ್ಕೆ ಕೃತಜ್ಞತೆ ಹೇಳಬೇಕಾಗಿಲ್ಲ. ಇಂಥ ವಾದ ನಮ್ಮ ಕಣ್ಣಿಗೆ ಬಿದ್ದ ಪುಸ್ತಕಗಳನ್ನು ಮಾತ್ರ ಲೆಕ್ಕಕ್ಕೆ ಹಿಡಿಯುತ್ತದೆ.

ಐಸಾಕ್ ಬಾಬೆಲ್ ಅವರ ವಿಷಯವನ್ನೇ ನೋಡಿ. ಯುರೋಪಿನ ಅತ್ಯುತ್ತಮ ಸಣ್ಣಕಥೆಗಾರರಲ್ಲಿ ಒಬ್ಬರಾದ ಅವರು 1934ರ ಅಧಿವೇಶನದಲ್ಲಿ, ತಾವು ಮೌನವೆಂಬ ಪ್ರಕಾರದಲ್ಲಿ ಪರಿಣತರಾಗಿದ್ದೇವೆಂದು ಹೇಳಿಕೊಂಡಿದ್ದರು. ಅವರಿಗೂ ಪೆರೆದೆಲ್ಕಿನೋದಲ್ಲಿ ಮನೆ ಸಿಕ್ಕಿತ್ತು. 1939ರ ಮೇ ತಿಂಗಳಲ್ಲಿ ಅವರನ್ನು ಬಂಧಿಸಿದ್ದು ಅದೇ ಮನೆಯಲ್ಲಿ. ಹಸ್ತಪ್ರತಿಗಳನ್ನೂ ಟಿಪ್ಪಣಿಗಳನ್ನೂ ಕಂತೆಗಟ್ಟಲೆ ಒಯ್ದರು. 1940ರ ಜನವರಿ 27ರಂದು ಗುಂಡಿಟ್ಟು ಕೊಂದರು. 1954ರಲ್ಲಿ ಅವರು ನಿರಪರಾಧಿಯೆಂದು ಅಧಿಕೃತವಾಗಿ ಸಾರಲಾಯಿತು, ಒಯ್ದ ಕಾಗದಗಳು ಮಾತ್ರ ಎಂದೂ ಸಿಗಲಿಲ್ಲ. ಹೊರಗೆ ಮೌನವಾಗಿದ್ದ ಆ ವರ್ಷಗಳಲ್ಲಿ ಅವರು ಬರೆಯುತ್ತಲೇ ಇದ್ದರು. ದಮನದಿಂದ ಸಾಹಿತ್ಯ ಬೆಳೆಯಿತೆಂದು ಹೇಳುವವರು ಆ ಕಂತೆಗಳಲ್ಲಿ ಏನಿತ್ತೆಂಬುದನ್ನೂ ಲೆಕ್ಕಕ್ಕೆ ತರಬೇಕು.

ಬಯಲುಸೀಮೆ ಓದುಗ

ಎಲ್ಲರಿಗೂ ಮನಃಪೂರ್ವಕ ಕೃತಜ್ಞತೆಗಳು. 1962ರ ಎರಡು ಘಟನೆಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಬೇಕೆಂದು ನಮಗೆ ಹೊಳೆದೇ ಇರಲಿಲ್ಲ. ಮೊದಲು ‘ಇವಾನ್ ದೆನಿಸೊವಿಚ್’, ನಂತರ ಗ್ರಾಸ್‌ಮನ್, ಆಮೇಲೆ ‘ಕಸಾಂಡ್ರಾ’ ಎಂಬ ಕ್ರಮವನ್ನು ಬಳಗದ ಮುಂದಿಡುತ್ತೇನೆ. ಕತ್ತರಿಸಿದ ಭಾಗಗಳು ಸೇರಿರುವ ಆವೃತ್ತಿಗಳು ಯಾವುವೆಂದು ತಿಳಿಸಿದರೆ ಉಪಕಾರವಾಗುತ್ತದೆ.

ಉತ್ತರ: ಲೈಪ್‌ಜಿಗ್ ಕನ್ನಡಿಗ

ಕ್ರಮ ಚೆನ್ನಾಗಿದೆ. ಗ್ರಾಸ್‌ಮನ್‌ರ ಮೊದಲ ಕಾದಂಬರಿಯ ಇಂಗ್ಲಿಷ್ ಅನುವಾದ 2019ರಲ್ಲಿ ‘ಸ್ಟಾಲಿನ್‌ಗ್ರಾಡ್’ ಎಂಬ ಅವರ ಮೂಲ ಶೀರ್ಷಿಕೆಯಲ್ಲೇ ಬಂದಿದೆ. ಸೋವಿಯತ್ ಆವೃತ್ತಿಗಳಲ್ಲಿ ಬಿಟ್ಟುಹೋಗಿದ್ದ ಅನೇಕ ಭಾಗಗಳನ್ನು ಹಸ್ತಪ್ರತಿಗಳಿಂದ ಅದರಲ್ಲಿ ಸೇರಿಸಿದ್ದಾರೆ. ಸಮಯವಿದ್ದರೆ ‘ಬದುಕು ಮತ್ತು ವಿಧಿ’ಗಿಂತ ಮೊದಲು ಅದನ್ನು ಓದಿ, ಅವೇ ಪಾತ್ರಗಳು, ಅದೇ ಕುಟುಂಬ, ಆದರೆ ಒಂದನ್ನು ಸ್ಟಾಲಿನ್ ಬದುಕಿದ್ದಾಗ ಅಚ್ಚಿಗಾಗಿ ಬರೆದದ್ದು, ಇನ್ನೊಂದನ್ನು ಬಹುಪಾಲು ಅವನ ನಂತರ ಬರೆದದ್ದು. ‘ಕಸಾಂಡ್ರಾ’ವನ್ನು ಇಂಗ್ಲಿಷಿನಲ್ಲಿ ಓದುವುದಾದರೆ ಕಥೆಯ ಜೊತೆ ಉಪನ್ಯಾಸಗಳೂ ಇರುವ ಆವೃತ್ತಿಯನ್ನೇ ತರಿಸಿಕೊಳ್ಳಿ. ಪೂರ್ವದಲ್ಲಿ ಚುಕ್ಕೆಗಳಾಗಿದ್ದ ಸಾಲುಗಳು ಇದ್ದದ್ದು ಉಪನ್ಯಾಸಗಳಲ್ಲಿ, ಕಥೆಯಲ್ಲಲ್ಲ.